ಹಸಿರು ಪೊಟ್ಟಣದ ತಳ

ಮಧ್ಯಾಹ್ನದ ನಿದ್ದೆ ಮುಗಿದು ದೀಪ ಹತ್ತಿದಾಗ ಪ್ರಯೋಗಶಾಲೆಯ ತುಂಬ ಸುಟ್ಟ ವಾಸನೆ. ಯೂ-ಛಿಂಗ್ ಕಟ್ಟಿದ್ದ ಪವರ್ ಸಪ್ಲೈ ಸತ್ತುಹೋಗಿತ್ತು.

ಅದು ಬೆಳಿಗ್ಗೆ ಒಂಬತ್ತರಿಂದ ಸಂಜೆ ಐದರವರೆಗೆ ಒಂದೇ ಸಮನೆ ಹನ್ನೆರಡು ವೋಲ್ಟ್ ಕೊಡಬೇಕಿತ್ತು. ಕೊಟ್ಟರೆ ಅವಳು ಪಾಸು. ಇಲ್ಲವಾದರೆ ತಾವ್‌ಯುವಾನ್ ಊರಿನ ಈ ತರಬೇತಿ ಶಾಲೆಯಲ್ಲಿ ಇನ್ನೊಂದು ವರ್ಷ. ಹನ್ನೆರಡೂವರೆಗೆ ನಾವೆಲ್ಲ ಮೇಜಿಗೆ ತಲೆಯಿಟ್ಟಾಗ ಚೆನ್ನಾಗಿಯೇ ಇತ್ತು.

ಯೂ-ಛಿಂಗ್ ಅದರ ಮೇಲಿದ್ದ ಹಸಿರು ತಿಂಡಿ ಪೊಟ್ಟಣವನ್ನು ಅತ್ತ ತಳ್ಳಿ ಮುಚ್ಚಳ ಕಿತ್ತಳು. ನಮ್ಮಲ್ಲಿ ಒಂದೊಂದು ಯಂತ್ರಕ್ಕೂ ಅಂಥದೊಂದು ಪೊಟ್ಟಣ ಇದ್ದೇ ಇರುತ್ತದೆ, ಅದು ಕಾವಲಿದ್ದರೆ ಯಂತ್ರ ಹಟ ಮಾಡುವುದಿಲ್ಲ ಎಂಬ ನಂಬಿಕೆ. ಒಳಗೆ ವೋಲ್ಟೇಜನ್ನು ಹಿಡಿದಿಡುವ ಟ್ರಾನ್ಸಿಸ್ಟರ್ ಕರಕಲಾಗಿತ್ತು.

ಝುವಾಂಗ್ ಮೇಷ್ಟ್ರು ದೂರದಿಂದಲೇ ಬಗ್ಗಿ ನೋಡಿದರು. "ಶಾಖದ ಲೆಕ್ಕ ತಪ್ಪಿದೆಯಮ್ಮ," ಎಂದು ಪುಸ್ತಕದಲ್ಲಿ ನಪಾಸು ಬರೆದರು.

ಯೂ-ಛಿಂಗ್ ತನ್ನ ನೋಟ್‌ಬುಕ್ಕನ್ನು ನನ್ನತ್ತ ಸರಿಸಿದಳು. ಮೂರು ಸಲ ಕೂಡಿಸಿದೆ. ತಪ್ಪಿರಲಿಲ್ಲ. ಹಾಗಾದರೆ — ಯಾರೋ ಏನೋ ಮಾಡಿದ್ದಾರೆ.

ಉಗ್ರಾಣ ನೋಡಿಕೊಳ್ಳುವ ಫಾಂಗಕ್ಕ ಸುಟ್ಟ ಭಾಗ ಒಯ್ಯಲು ಇಕ್ಕಳ ಹಿಡಿದು ಬಂದಳು. ಒಯ್ಯಲಿಲ್ಲ. ನಿಂತು ನೋಡಿದಳು.

"ನಿದ್ದೆ ಹೊತ್ತಲ್ಲಿ ಎದ್ದವರು ಯಾರು?"

ಪಕ್ಕದ ಮೇಜಿನ ಬೋ-ಯೆನ್ ಕೈ ಎತ್ತಿದ. "ಬಾತ್‌ರೂಮಿಗೆ ಹೋಗಿದ್ದೆ ಅಕ್ಕಾ. ಅದಕ್ಕೂ ಚೀಟಿ ಬರೆಸ್ಕೋಬೇಕಾ?"

"ಇದನ್ನ ಮುಟ್ಟಿದ್ಯಾ?"

"ಮುಟ್ಟಿದ್ರೆ ನಾನೇ ಸುಟ್ಟೆ ಅಂತೀರ. ಅದಕ್ಕೇ ಈ ಕಡೆ ತಿರುಗೀನೂ ನೋಡ್ಲಿಲ್ಲ."

ಫಾಂಗಕ್ಕ ಯೂ-ಛಿಂಗಳತ್ತ ತಿರುಗಿದಳು. "ಪೊಟ್ಟಣ ನಿಂದೇನೇ?"

"ಅಲ್ಲ. ಇಡಲ್ಲ ಅಂದಿದ್ದೆ. ಲೆಕ್ಕ ಸರಿಯಿದ್ರೆ ಸಾಕಲ್ವಾ?"

ಫಾಂಗಕ್ಕ ಅದನ್ನು ತುದಿಯಲ್ಲಿ ಹಿಡಿದು ಬೋರಲು ಮಾಡಿದಳು. ತಳದ ಪ್ಲಾಸ್ಟಿಕ್ ಸುಕ್ಕುಗಟ್ಟಿತ್ತು. ಅದರ ಮೇಲೆ ಸಾಲಾಗಿ ಚುಕ್ಕಿಗಳು, ಆರು ಸಾಲು, ಸಾಲಿಗೆ ಆರು. ಮುಚ್ಚಳವನ್ನು ಪಕ್ಕದಲ್ಲಿಟ್ಟಳು. ಅದರ ತೂತುಗಳೂ ಅಷ್ಟೇ.

"ಹುಡುಗಿ ಲೆಕ್ಕದಲ್ಲಿ ಬಿಸಿ ಗಾಳಿ ಇಲ್ಲಿಂದ ಆಚೆ ಹೋಗ್ಬೇಕಿತ್ತು. ಕಾವಲಿಗೆ ಅಂತ ತಂದಿದ್ದನ್ನ ಬಾಗಿಲಿಗೇ ಅಡ್ಡ ಕೂರಿಸಿಬಿಟ್ರು."

"ಯಾರು?" ಎಂದೆ.

ಅವಳು ಪೊಟ್ಟಣದ ಮೇಲ್ಭಾಗ ತೋರಿಸಿದಳು. ಎರಡು ಬಿಳಿ ಬೆರಳಚ್ಚು. ಸೀಮೆಸುಣ್ಣ ಹಿಡಿಯುವವರು ಆ ಕೋಣೆಯಲ್ಲಿ ಒಬ್ಬರೇ.

ಝುವಾಂಗ್ ಮೇಷ್ಟ್ರು ತಮ್ಮ ಬೆರಳು ನೋಡಿಕೊಂಡರು. "ಎಲ್ಲರೂ ಮಲಗಿದ್ರು. ಇವಳ ಯಂತ್ರದ ಮೇಲೊಂದೇ ಪೊಟ್ಟಣ ಇರಲಿಲ್ಲ. ಮನಸ್ಸು ತಡೀಲಿಲ್ಲ."

"ಬಿಸಿ ಗಾಳಿಗೆ ಮೇಲೆ ದಾರಿ ಬಿಡಿ — ಇದು ಯಾರ ಮೊದಲ ಪಾಠ ಸಾರ್?" ಫಾಂಗಕ್ಕ ಕೇಳಿದಳು.

ಮೇಷ್ಟ್ರು ಪುಸ್ತಕ ತೆರೆದರು. "ನಂದೇ." ನಪಾಸನ್ನು ಅಡ್ಡಗೆರೆ ಎಳೆದು ಹೊಡೆದುಹಾಕಿದರು.

ಸೋಮವಾರ ಮರುಪರೀಕ್ಷೆ. ಯೂ-ಛಿಂಗ್ ಮುಚ್ಚಳವನ್ನು ಮನೆಯ ಮಾಡಿನಂತೆ ಇಳಿಜಾರಾಗಿ ಬಗ್ಗಿಸಿದ್ದಳು. ಮೇಲೆ ಏನೂ ನಿಲ್ಲುವಂತಿರಲಿಲ್ಲ. ಆ ಮಧ್ಯಾಹ್ನ ಮೇಷ್ಟ್ರು ನಿದ್ದೆ ಮಾಡದೆ, ಕೈಗಳನ್ನು ಜೇಬಿನಲ್ಲಿಟ್ಟುಕೊಂಡೇ ಕೂತಿದ್ದರು. ಐದು ಗಂಟೆಗೂ ಮೀಟರು ಹನ್ನೆರಡನ್ನೇ ತೋರಿಸುತ್ತಿತ್ತು.

ಪಕ್ಕದಲ್ಲಿ, ಸ್ಕೇಲಿಟ್ಟು ಅಳೆದ ಹದಿನೈದು ಸೆಂಟಿಮೀಟರ್ ದೂರದಲ್ಲಿ, ಹೊಸ ಹಸಿರು ಪೊಟ್ಟಣವೊಂದು ನಿಂತಿತ್ತು. ಅವಳೇ ತಂದದ್ದು.