ಹುಣಸೆಮರದ ತಿರುವಿನ ಎಡೆ

ಹದಿನಾರು ಎಂಬ ಊರಿನ ಪಾಪಮ್ಮ ನಂಜನಗೂಡು ಕಡೆಯ ಠಾಣೆಗೆ ಬಂದದ್ದು ಜೂನ್ 17ರಂದು, ಬೆಳಿಗ್ಗೆ ಹತ್ತೂವರೆಗೆ. ಗಂಡ ಚೆಲುವಯ್ಯನ ಹೆಣ ಊರಾಚೆಯ ನಾಲೆಯಲ್ಲಿ ಸಿಕ್ಕಿ ವಾರವಾಗಿತ್ತು. ಕಾಲು ಜಾರಿ ಬಿದ್ದಿರಬಹುದೆಂದು ಅಸಹಜ ಸಾವಿನ ಪ್ರಕರಣ ದಾಖಲಾಗಿತ್ತು.

ಇನ್ಸ್‌ಪೆಕ್ಟರ್ ರುದ್ರಾಣಿ ಕುರ್ಚಿ ತೋರಿಸಿದರು. ಪಾಪಮ್ಮ ಕೂರಲಿಲ್ಲ.

"ನನ್ ಗಂಡ ನಾಲೇಲಿ ಸತ್ತಿಲ್ಲ ಕಣವ್ವಾ. ಉಣಸೇಮರದ ತಿರುವಲ್ಲಿ ಸತ್ತವ್ನೆ."

"ಯಾರು ಹೇಳಿದ್ರು?"

"ಯಾರೂ ಏಳಿಲ್ಲ. ಅಲ್ಲಿ ಯಾರೋ ಎಡೆ ಇಕ್ತಾವ್ರೆ. ಊರಲ್ಲಿ ಬ್ಯಾರೆ ಯಾರೂ ಸತ್ತಿಲ್ವಲ್ಲ."

ಅಕಾಲದಲ್ಲಿ ಸತ್ತವರು ಬಿದ್ದ ಜಾಗ ಬಿಟ್ಟು ಹೋಗುವುದಿಲ್ಲವೆಂಬ ಭಯ ಆ ಕಡೆ ಇಂದಿಗೂ ಇದೆ. ಅದಕ್ಕೇ ಅಲ್ಲಿ ಅನ್ನ ಇಟ್ಟು ಕೈಮುಗಿಯುವುದು. ನಾಲೆಯ ಏರಿಯ ಮೇಲೆ ಪಾಪಮ್ಮ ಎಡೆ ಇಟ್ಟಿದ್ದಳು. ನಾಲೆಯ ಮೇಲ್ಗಡೆ ಅಷ್ಟು ದೂರದ ತಿರುವಿನಲ್ಲಿ ಇಟ್ಟವರು ಯಾರೆಂದು ಊರಿಗೇ ಗೊತ್ತಿರಲಿಲ್ಲ. ಕೂಲಿಗೆ ಹೋಗುವ ಹೆಂಗಸರು ಹೆದರಿ, ಆ ದಾರಿ ಬಿಟ್ಟು ಗದ್ದೆಬದುವಿನ ಮೇಲೆ ನಡೆಯತೊಡಗಿದ್ದರು.

"ಎಡೇಲಿ ಏನಿತ್ತು?"

"ಅನ್ನ. ಚೊಂಬು ತುಂಬ ನೀರು. ಬೀಡಿ ಇಲ್ಲ. ಬೀಡಿ ಇಲ್ದೆ ಆ ಮನ್ಸ ಅನ್ನ ಮುಟ್ತಿದ್ನಾ? ನಮ್ಮೂರೋರಾಗಿದ್ರೆ ಮರೀತಿರ್ನಿಲ್ಲ."

ಅವಳೇ ಮುಂದುವರಿಸಿದಳು: "ಜಾರಿ ಬಿದ್ದ ಅಂತ ಮುಗ್ಸಿದ್ರೆ ಪರಿಹಾರ ಇಲ್ವಂತೆ. ಗಾಡಿ ಗುದ್ದಿದ್ರೆ ಉಂಟು, ಗಾಡಿ ಸಿಕ್ಬೇಕು ಅಂದ್ರು ವಕೀಲ್ರು. ಮಗ್ಳು ಕೋಮಲ ನರ್ಸಿಂಗ್ ಓದ್ತಾವ್ಳೆ. ಇನ್ನು ಬುಡ್ಸೋದೆಯ."

ಮಧ್ಯಾಹ್ನ ಮರಣೋತ್ತರ ಪರೀಕ್ಷೆಯ ವರದಿ ಬಂತು. ಶ್ವಾಸಕೋಶದಲ್ಲಿ ನೀರಿರಲಿಲ್ಲ. ತೊಡೆಯ ಮೂಳೆ ಮುರಿದಿತ್ತು. ರುದ್ರಾಣಿ ಅಪರಿಚಿತ ವಾಹನದ ಮೇಲೆ ಎಫ್‌ಐಆರ್ ದಾಖಲಿಸಿ ತಿರುವಿಗೆ ಹೋದರು. ಬೇಲಿಯ ಬುಡದಲ್ಲಿ ಹೆಡ್‌ಲೈಟಿನ ಗಾಜಿನ ಚೂರುಗಳು ಸಿಕ್ಕವು. ಕಾನ್‌ಸ್ಟೇಬಲ್ ಅಮೃತೇಶ್ ಒಂದೊಂದನ್ನೇ ಆರಿಸಿದ. ಚೊಂಬಿನ ಹತ್ತಿರ ಮಾತ್ರ ಸುಳಿಯಲಿಲ್ಲ.

"ಯಾಕ್ರೀ?"

"ಮನೇಲಿ ಆರು ತಿಂಗಳ ಕೂಸದೆ ಮೇಡಂ. ಅದೊಂದು ನನ್ ಕೈಲಿ ಮುಟ್ಟಿಸ್ಬ್ಯಾಡಿ."

"ಇರ್ಲಿ ಬಿಡಿ. ಇಟ್ಟೋನು ಬರ್ತಾನೆ."

ಸಂಜೆ ಇಬ್ಬರೂ ಕಬ್ಬಿನ ಗದ್ದೆಯಲ್ಲಿ ಕೂತರು. ಗಾಳಿ ಇರಲಿಲ್ಲ, ಆದರೂ ಹಿಂದೆ ಎಲ್ಲೋ ಗರಿ ಸರಸರ ಅಂದಾಗಲೆಲ್ಲ ಅಮೃತೇಶ್ ತಿರುಗಿ ನೋಡುತ್ತಿದ್ದ. ಆರೂಮುಕ್ಕಾಲಿಗೆ ತಿ. ನರಸೀಪುರದ ಕಡೆಯಿಂದ ಒಂದು ಗೂಡ್ಸ್ ಆಟೋ ಬಂದು ನಿಂತಿತು. ಒಂದೇ ದೀಪ ಉರಿಯುತ್ತಿತ್ತು. ಇಳಿದವನು ಅತ್ತಿತ್ತ ನೋಡುತ್ತಲೇ ಎಲೆಯ ಮೇಲೆ ಅನ್ನ ಸುರಿದ, ಅರ್ಧ ನೆಲಕ್ಕೆ ಬಿತ್ತು. ಹಳೆಯ ನೀರು ಚೆಲ್ಲಿ ಹೊಸದು ತುಂಬಿಸಿದ.

"ಬುಟ್ಬುಡಪ್ಪಾ ನನ್ನ. ಮನೆಗಂಟ ಬರಬ್ಯಾಡ. ನಂಗೂ ಮಕ್ಳವೆ."

ಅಮೃತೇಶ್ ಗದ್ದೆಯಿಂದ ಹೊರಬಂದ. ಅವನನ್ನು ಕಂಡು ಆಟೋದವನು ಕಿರುಚಿದ. ಅದನ್ನು ಕೇಳಿ ಅಮೃತೇಶ್ ಇನ್ನೂ ಜೋರಾಗಿ ಕಿರುಚಿದ.

"ಪೊಲೀಸ್ ಕಣ್ಲಾ!"

"ಪೊಲೀಸ್ರಾ?" ಅವನು ಅಲ್ಲೇ ಕುಸಿದು ಕೂತ. "ಸದ್ಯ ಕಣ್ ಸಾ."

ಹೆಸರು ನಂಜುಂಡ, ಸೋಸಲೆಯವನು. ನಂಜನಗೂಡು ಮಾರುಕಟ್ಟೆಗೆ ತರಕಾರಿ ಸಾಗಿಸುತ್ತಿದ್ದ. ಗಾಜಿನ ಚೂರು ಒಡೆದ ದೀಪಕ್ಕೆ ಸರಿಯಾಗಿ ಕೂತಿತು. ಸಂಜೆ 7.10ಕ್ಕೆ ಬಂಧಿಸಿ ಠಾಣೆಗೆ ಕರೆತಂದರು.

"ಗಾಡಿಗೆ ವಿಮೆ ಇದೆ. ನಿನಗೆ ಲೈಸೆನ್ಸ್ ಇದೆ. ಹೆಣ ಯಾಕೆ ನಾಲೆಗೆ ಹಾಕ್ದೆ?"

"ಜನ ಸೇರಿ ಒಡೆದಾಕ್ತಾರೆ ಅಂತ, ಮೇಡಂ."

"ಗುದ್ದಿದ ತಕ್ಷಣ ಸತ್ತನಾ?"



"ಇಲ್ಲ. ನೀರು ಕೇಳ್ದ. ಚೊಂಬು ತಕ್ಕೊಂಡು ಪಕ್ಕದ ನಾಲೆಗೆ ಇಳ್ದೆ. ಅಷ್ಟರಾಗೆ ಬೈಕೊಂದು ಬಂತು. ಎದ್ರಿ ಕಬ್ಬೊಳಗೆ ಅವಿತ್ಕಂಡೆ. ಅದು ಒಂಟೋದ್ಮೇಲೆ ಬಂದು ನೋಡಿದ್ರೆ ಉಸ್ರಿಲ್ಲ. ನೀರು ಕೈಯಲ್ಲೇ ಇತ್ತು."

ಬೈಕಿನವರನ್ನು ಕೂಗಿದ್ದರೆ ಆಸ್ಪತ್ರೆ ದೂರವೇನೂ ಇರಲಿಲ್ಲ.  ನಂಜುಂಡನಿಗೂ ಅದು ಗೊತ್ತಿತ್ತು.

ಮರುದಿನ ಬೆಳಿಗ್ಗೆ ತಿರುವಿನಲ್ಲಿ ಪಂಚನಾಮೆ ನಡೆಯಿತು. ಗಾಡಿ ಸಿಕ್ಕಿತು, ಪರಿಹಾರಕ್ಕೆ ಇನ್ನು ಅರ್ಜಿ ಹಾಕಬಹುದು ಎಂದು ರುದ್ರಾಣಿ ಪಾಪಮ್ಮನಿಗೆ ತಿಳಿಸಿದರು. ನಂಜುಂಡ ಹೇಳಿದ್ದನ್ನೂ ಮುಚ್ಚಿಡಲಿಲ್ಲ.

ಚೊಂಬಿಗೆ ಸೀಲು ಹಾಕಬೇಕಿತ್ತು. ಒಳಗೆ ನೀರು ಹಾಗೇ ಇತ್ತು. ಅಮೃತೇಶ್‌ಗೆ ಕೈ ಬರಲಿಲ್ಲ. ಪಾಪಮ್ಮ ರುದ್ರಾಣಿಯನ್ನು ಕೇಳಿ ಅದನ್ನು ಎತ್ತಿಕೊಂಡು, ಹುಣಸೆಯ ಬುಡದಲ್ಲಿ ಕುಕ್ಕರಗಾಲಲ್ಲಿ ಕೂತು, ನಿಧಾನವಾಗಿ ನೀರು ಬಿಟ್ಟಳು.

"ಕುಡ್ಕೋ" ಅಂದಳು. "ತಡ ಆಯ್ತು."