ಸುಟ್ಟ ಪ್ರಸಂಗ

೧೭೨೪ರ ಜನವರಿ, ಬಾಸ್ಟನ್ ಸೀಮೆಯ ಒಂದು ಹಳ್ಳಿ. ಶುಕ್ರವಾರ ಬೆಳಿಗ್ಗೆ ಕಾನ್‌ಸ್ಟೆಬಲ್ ಜಾಬೆಜ್ ಟಟಲ್‌ನ ಮನೆಗೆ ದೂರು ಬಂತು. ದೂರುದಾರರು ಸ್ವತಃ ಪಾದ್ರಿ ಪೆಲಟಾಯ ಹೇಲ್. ಭಾನುವಾರ ಚರ್ಚಿನ ಸಭೆಯಲ್ಲಿ ಓದಿ, ಆಮೇಲೆ ಬಾಸ್ಟನ್ನಿಗೆ ಅಚ್ಚಿಗೆ ಕಳಿಸಬೇಕಿದ್ದ ಧರ್ಮೋಪದೇಶದ ಪ್ರಸಂಗದ ಹಸ್ತಪ್ರತಿ ಕಾಣೆಯಾಗಿತ್ತು.

“ಯಾವುದರ ಮೇಲಿನ ಪ್ರಸಂಗ, ಅಯ್ಯನೋರೆ?”

“ಸತ್ತ ಕೂಸುಗಳ ಮೇಲೆ. ಸ್ವರ್ಗಕ್ಕೆ ದೇವರು ಆರಿಸದಿದ್ದರೆ ಕೂಸಿಗೂ ನರಕವೇ ಅಂತ. ಊರವರು ಸುಮ್ಮನೆ ಸಮಾಧಾನ ಮಾಡ್ಕೊಂಡು ಕೂತಿದಾರೆ.”

ಜಾಬೆಜನ ಹೆಣ್ಣುಕೂಸು ತೀರಿಹೋದದ್ದು ಇದೇ ಚಳಿಗಾಲದಲ್ಲಿ.

ಇಬ್ಬರು ನೆರೆಯವರ ಸಮಕ್ಷಮ ಓದುಕೋಣೆಯ ಮಹಜರು ನಡೆಯಿತು. ಬೀಗ ಮುರಿದಿರಲಿಲ್ಲ. ಒಲೆಯಲ್ಲಿ ಕಾಗದದ ಬೂದಿ. ಬೈಬಲಿನೊಳಗೆ ಕತ್ತರಿಸಿಟ್ಟ ಚೂರುಗಳು. ಪ್ರಸಂಗದ ನಡುವೆ ಬರುವ ಬೈಬಲ್ ವಾಕ್ಯಗಳಷ್ಟೇ. ಪ್ರತಿ ಚೂರಿನ ಅಂಚೂ ಒಂದೇ ಜಾಗದಲ್ಲಿ ಹರಿದಿತ್ತು. ಕದ್ದವರಿಗೆ ಓದು ಬರುತ್ತದೆ, ದೇವರ ಮಾತು ಸುಡಲು ಭಯವೂ ಇದೆ.

“ನಿನ್ನೆ ಒಳಗೆ ಬಂದವರು ಯಾರು?”

“ಸೂಲಗಿತ್ತಿ ಟ್ಯಾಬಿತಾ ಒಬ್ಬಳೇ. ಹೆಂಡತಿಗೆ ಹೆರಿಗೆಯಾಯ್ತು. ನಾನು ಕೊಟ್ಟಿಗೆಯಲ್ಲಿ ಪ್ರಾರ್ಥನೆಗೆ ಕೂತಿದ್ದೆ.”

ಟ್ಯಾಬಿತಾ ತನ್ನ ಮನೆಯಲ್ಲಿ ಮೆಕ್ಕೆಜೋಳದ ಗಂಜಿ ತಿರುವುತ್ತಿದ್ದಳು. “ಬೂಟು ಒರೆಸ್ಕೊಂಡು ಬಾ ಜಾಬೆಜಾ. ಹಿಡಿಯೋಕೆ ಬಂದ್ರೂ ನೆಲ ಒರೆಸೋಳು ನಾನೇ ತಾನೇ?”

“ಕತ್ತರಿ ಕೊಡಜ್ಜಿ.”

ಹೊಕ್ಕುಳಬಳ್ಳಿ ಕತ್ತರಿಸುವ ಕತ್ತರಿ. ಅಲಗು ಒಂದು ಕಡೆ ಮುಕ್ಕಾಗಿತ್ತು. ಜೊತೆಗೆ ತಂದಿದ್ದ ಚೂರಿನ ಹರಿದ ಅಂಚಿಗೆ ಹಿಡಿದು ನೋಡಿದ, ಸರಿಹೊಂದಿತು.

“ಯಾಕೆ ಸುಟ್ಟೆ?”

“ಕೂಸನ್ನ ದೇವರೇ ಎತ್ತಿಕೊಂಡ ಅಂತ ನಿನ್ನ ಹೆಂಡತಿಗೆ ಹೇಳಿದೋಳು ನಾನು. ಅಂಥ ತಾಯಂದಿರು ಊರ ತುಂಬ ಇದಾರೆ ಮಗಾ. ಭಾನುವಾರ ಅವರ ಮುಖ ಹೆಂಗೆ ನೋಡ್ಲಿ?”

“ನೀನು ಹೇಳಿದ್ದು ನಿಜಾನಾ ಅಜ್ಜಿ?”

ಕಾನ್‌ಸ್ಟೆಬಲ್ ಕೇಳಬಾರದ ಪ್ರಶ್ನೆ. ಟ್ಯಾಬಿತಾ ಎರಡೂ ಕೈ ಮುಂದೆ ಚಾಚಿದಳು.

“ಗೊತ್ತಿಲ್ಲ ಕಣೋ. ಕಟ್ಟು.”

ಮಧ್ಯಾಹ್ನ ಆಕೆಯನ್ನು ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಲಾಯಿತು. ವರದಿಯಲ್ಲಿ ಕೃತ್ಯಕ್ಕೆ ಕಾರಣ ಎಂಬಲ್ಲಿ ಜಾಬೆಜ್ ‘ಹೆದರಿಕೆ’ ಎಂದು ಬರೆದ. ಪಾದ್ರಿ ನಕ್ಕರು. “ಸುಟ್ಟರೆ ಸುಟ್ಟಳು ಬಿಡು. ನನಗೆ ಬಾಯಿಪಾಠ ಬರುತ್ತೆ.”

ಸಂಜೆ ಮನೆಯಲ್ಲಿ ಹೆಂಡತಿ ಮೆಹಿಟಬೆಲ್‌ಗೆ ಹೇಳಿದ: “ಭಾನುವಾರ ಸಭೆಗೆ ಬರಬೇಡ. ಜ್ವರ ಅನ್ನು.”

“ಸಭೆಗೆ ಬರದೋರ ಹೆಸರು ದಂಡಕ್ಕೆ ಬರ್ಕೊಳ್ಳೋರು ನೀವೇ ಅಲ್ವಾ?” ಅವಳು ಖಾಲಿ ತೊಟ್ಟಿಲಿನ ಅಂಚು ಹಿಡಿದಳು. “ಟ್ಯಾಬಿತಜ್ಜಿ ನಂಗೆ ಹೇಳಿದ್ದು ಸುಳ್ಳಾ?”

“ನಿಜ,” ಅಂದ ಜಾಬೆಜ್, ಅವಳ ಮುಖ ನೋಡದೆ. ಭಾನುವಾರಕ್ಕೆ ನಡುವೆ ಇನ್ನೊಂದೇ ದಿನವಿತ್ತು.