ಯಾವ ದಿನ ಹೂಂ ಅನ್ನಬೇಕು?

"ಆಪ್ಷನ್ ಅಂದ್ರ ಗಡುವಿರೋ ಒಂದು ಕರಾರು. ಕೊಂಡವರಿಗೆ ಹಕ್ಕು. ಮಾರಿದವರಿಗೆ ಬರೇ ಬಾಧ್ಯತೆ," ಎಂದ ಕಪಿಲ, ಬೋರ್ಡಿಗೆ ಬೆನ್ನು ಕೊಟ್ಟು.

"ಹಂಗಾರ ನಮ್ಮ ಮನ್ಯಾಗ ಹೆಣ್ಮಕ್ಕಳೆಲ್ಲ ಮಾರಿದವರೇ ಬಿಡ್ರಿ, ಸರ್."

ಬೀದರಿನ ಆ ಷೇರು ತರಬೇತಿ ಕೇಂದ್ರದಲ್ಲಿ ಎಲ್ಲರೂ ನಕ್ಕರು. ಕಪಿಲ ನಗಲಿಲ್ಲ. ಹಾಗೆಂದವಳು ಹಿಂದಿನ ಬೆಂಚಿನ ಮಹಾಮಾಯಾ. ಹಗಲೆಲ್ಲ ಶಾಲೆಯಲ್ಲಿ ಪಾಠ ಹೇಳಿ ದಣಿದ ಮುಖ… ದಣಿಯದ ಕಣ್ಣು.

ಕೋರ್ಸ್ ಮುಗಿದ ದಿನ ಅವನೇ ಕೇಳಿದ.

"ನನ್ನ ಲಗ್ನ ಆಗ್ತೀರೇನ್ರಿ? ಹಕ್ಕು ನಿಮ್ದು, ಬಾಧ್ಯತೆ ನಂದು. ಗಡುವು ಮಾರ್ಚ್ ಮೂವತ್ತೊಂದು."

ಇಪ್ಪತ್ತೊಂಬತ್ತು ವರ್ಷದಲ್ಲಿ ಅವಳನ್ನು ಯಾರೂ ಹೀಗೆ ಕೇಳಿರಲಿಲ್ಲ. ಔರಾದಿನ ಗಂಡಿಗೆ ಅಣ್ಣ ಸಂಘಪಾಲ ತಾನೇ ಒಪ್ಪಿಗೆ ಕೊಟ್ಟಿದ್ದ. ಅವಳ ಒಪ್ಪಿಗೆ ಯಾರಿಗೆ ಬೇಕಿತ್ತು?

ಮಾರ್ಚ್ ಹತ್ತಕ್ಕೇ ಬಸ್ ಹತ್ತಿ ಭಾಲ್ಕಿಗೆ, ಕಪಿಲನ ಮನೆಗೆ ಹೋದಳು.

"ಹೂಂ ಅನ್ಲಕ್ಕ ಬಂದೀನ್ರಿ. ಮನ್ಯಾಗ ಅಣ್ಣ ಬ್ಯಾರೆ ಗಂಡು ಗೊತ್ತು ಮಾಡ್ಯಾನ."

ಅವನ ಮುಖ ಅರಳಿತು. ಮರುಕ್ಷಣ ಬಾಡಿತು.

"ಇವತ್ತ ಬ್ಯಾಡ್ರಿ. ಮೂವತ್ತೊಂದಕ್ಕ ಹೇಳ್ರಿ."

'ಇವನಿಗೂ ನಾನು ಬೇಡವಾದೆ…' ತಿರುಗಿ ನೋಡದೆ ಬಸ್ ಹತ್ತಿದಳು. ಅವನ ಫೋನು ಎತ್ತಲಿಲ್ಲ.

ಮೂವತ್ತೊಂದರ ಮಧ್ಯಾಹ್ನ ಮೈಲೂರಿನ ಅವಳ ಮನೆ ಬಾಗಿಲಲ್ಲಿ ಕಪಿಲ ನಿಂತಿದ್ದ.

"ಅವತ್ತ ಯಾಕ ವಾಪಸ್ ಕಳಿಸಿದ್ರಿ?"

"ಯುರೋಪಿಯನ್ ಸ್ಟೈಲ್ ಆಪ್ಷನ್ ಅಂತ ತಿಳ್ಕೊಂಡಿದ್ದೆ… ಕೊನಿ ದಿನಕ್ಕಷ್ಟೇ ಹಕ್ಕು ಚಲಾಯಿಸೋದು. ಅಣ್ಣಗ ಅಂಜಿ ಗಡಬಡ್ಯಾಗ ಹೂಂ ಅಂದೀರಿ ಅಂತ ಹೆದರಿದೆ."

"ಅಮೆರಿಕನ್ ಸ್ಟೈಲೂ ನೀವೇ ಕಲ್ಸಿದ್ರಿ. ಗಡುವಿನೊಳಗ ಯಾವ ದಿನಾ ಬೇಕಾದ್ರೂ ಚಲಾಯಿಸಬಹುದು. ನಾ ಅದಂತ ತಿಳ್ಕೊಂಡು ಬಂದಿದ್ದೆ."

"ಯಾವ ಸ್ಟೈಲ್ ಅಂತ ನಾ ಹೇಳಲೇ ಇಲ್ಲ…"

"ಹಕ್ಕು ನಂದಂದ್ರಿ. ದಿನ ಮಾತ್ರ ನೀವೇ ಗೊತ್ತು ಮಾಡಿದ್ರಿ. ಅಣ್ಣ ಮಾಡಿದ್ದೂ ಅದೇ ಅಲ್ಲೇನ್ರಿ?"

ಅವನು ತಲೆ ತಗ್ಗಿಸಿದ. "ತಪ್ಪಾಯ್ತು."

ಒಳಗಿನಿಂದ ಸಂಘಪಾಲನ ದನಿ. "ಯಾರದು, ಬಾಗಲಾಗ?"

ಮಹಾಮಾಯಾಗೆ ದನಿ ಎತ್ತುವ ಶಕ್ತಿಯೂ ಇರಲಿಲ್ಲ. ಆದರೂ ಹೇಳಿದಳು. "ನಾ ಲಗ್ನ ಆಗೋರು ಅಣ್ಣಾ. ಔರಾದದವರಿಗೆ ನಿಶ್ಚಯಕ್ಕ ಬರಬ್ಯಾಡ್ರಿ ಅಂತ ಫೋನ್ ಹಚ್ಚು."

ಒಳಗೆ ಕುರ್ಚಿ ಸರಿದ ಸದ್ದು. ಅಣ್ಣ ಹೊರಗೆ ಬರಲಿಲ್ಲ.

ಅವಳು ಮೆಟ್ಟಿಲ ಮೇಲೆ ಕುಸಿದಂತೆ ಕೂತಳು.

"ಭಾಳ ದಣದೀರಿ," ಎಂದ ಕಪಿಲ ಮೆಲ್ಲಗೆ. "ನಾ ಏನ್ ಮಾಡ್ಲಿ?"

"ಏನೂ ಕಲಿಸಬ್ಯಾಡ್ರಿ. ಬಾಜೂಕ ಕೂಡ್ರಿ."

ಅವನು ಕೂತ.